ಚಳಿಜ್ವರಕ್ಕೆ ತಣ್ಣೀರಿನ ಮದ್ದು

ವಿಯೆಟ್ನಾಮಿನ ಕಾಡುಗಳಲ್ಲಿ ಯುದ್ಧ ನಡೆದಿದ್ದಾಗ ಉತ್ತರ ವಿಯೆಟ್ನಾಮಿನ ಸೈನಿಕರನ್ನು ಗುಂಡಿನೊಡನೆ ಮಲೇರಿಯಾ ಜ್ವರವೂ ಕಾಡಿತು. ರಾಮಬಾಣವೆನಿಸಿದ್ದ ಕ್ಲೋರೋಕ್ವಿನ್ ಅಲ್ಲಿ ನಾಟದೆ ಹೋಯಿತು. ಆ ದೇಶದ ಕೋರಿಕೆಯ ಮೇರೆಗೆ ಚೀನಾ ೧೯೬೭ರ ಮೇ ೨೩ರಂದು ಗುಪ್ತ ಸಂಶೋಧನೆಯೊಂದನ್ನು ಆರಂಭಿಸಿತು. ದಿನಾಂಕದಿಂದಲೇ ಅದಕ್ಕೆ '೫೨೩' ಎಂಬ ಹೆಸರಾಯಿತು. ಸಾಂಸ್ಕೃತಿಕ ಕ್ರಾಂತಿಯ ಹೆಸರಿನಲ್ಲಿ ವಿದ್ವಾಂಸರನ್ನು ಹಳ್ಳಿಗಟ್ಟುತ್ತಿದ್ದ ಕಾಲವದು!

೧೯೬೯ರ ಜನವರಿಯಲ್ಲಿ ಈ ಹೊಣೆ ಬೀಜಿಂಗಿನ ಪಾರಂಪರಿಕ ಚೀನೀ ವೈದ್ಯ ಅಕಾಡೆಮಿಯ ತೂ ಯೂಯೂ ಅವರ ಪಾಲಿಗೂ ಬಂದಿತು. ಔಷಧಶಾಸ್ತ್ರವನ್ನೋದಿದ್ದ ಈಕೆಗೆ ಡಾಕ್ಟರೇಟ್ ಪದವಿಯಿರಲಿಲ್ಲ. ಪತಿಯನ್ನು ಸರ್ಕಾರ ಹಳ್ಳಿಗೆ ಕಳುಹಿಸಿತ್ತು. ಹಿರಿಯ ಮಗಳನ್ನು ಶಿಶುವಿಹಾರದಲ್ಲೂ ಕಿರಿಯಳನ್ನು ತವರಿನಲ್ಲೂ ಬಿಟ್ಟು ತೂ ಕೆಲಸಕ್ಕಿಳಿದರು. ಬಹುಕಾಲದ ಮೇಲೆ ಕಂಡಾಗ ಮಗುವಿಗೆ ತಾಯಿಯ ಗುರುತೇ ಹತ್ತಲಿಲ್ಲ.

ತಂಡವು ಎರಡು ಸಾವಿರಕ್ಕೂ ಮಿಕ್ಕ ಹಳೆಯ ಔಷಧಯೋಗಗಳನ್ನು ಪರಿಶೀಲಿಸಿತು. ಚಿಂಗ್‌ಹಾವ್ ಎಂಬ ಮೂಲಿಕೆ ಒಮ್ಮೆ ಗುಣ ತೋರಿ ಮರುಸಲ ಕೈಕೊಟ್ಟಿತು. (ನಮ್ಮ ಹೆಂಗಳೆಯರು ಮುಡಿಯುವ ದವನವೂ ಇದೇ ಕುಲದ್ದು, ಹಾಗೆಂದು ದವನದ ರಸ ಕುಡಿದರೆ ಜ್ವರ ಬಿಟ್ಟೀತೆಂದಲ್ಲ.) ನಾಲ್ಕನೆಯ ಶತಮಾನದ ವೈದ್ಯ ಗೆ ಹೊಂಗನ ಕೈಪಿಡಿಯನ್ನು ತೂ ಮತ್ತೊಮ್ಮೆ ತೆರೆದರು. ಸೊಪ್ಪನ್ನು ನೀರಿನಲ್ಲಿ ನೆನೆಸಿ, ಹಿಂಡಿ, ರಸ ಕುಡಿಯಬೇಕೆಂದು ಅಲ್ಲಿತ್ತೇ ಹೊರತು ಕುದಿಸುವ ಮಾತಿರಲಿಲ್ಲ. ಕಷಾಯವೆಂದರೆ ಕುದಿಸುವುದೇ ರೂಢಿ. ಆ ಬಿಸಿಯೇ ಸತ್ತ್ವವನ್ನು ಕೆಡಿಸುತ್ತಿದೆಯೇ? ಕಡಿಮೆ ಉಷ್ಣತೆಯಲ್ಲೇ ಕುದಿಯುವ ಈಥರಿನಲ್ಲಿ ಸತ್ತ್ವವನ್ನಿಳಿಸಿ, ಅದರ ವಿಷಕಾರಿ ಆಮ್ಲೀಯ ಭಾಗವನ್ನು ಬೇರ್ಪಡಿಸಿದರು. ೧೯೭೧ರ ಅಕ್ಟೋಬರ್ ೪ರಂದು ೧೯೧ನೆಯ ಮಾದರಿಯು ಇಲಿಗಳ ರಕ್ತದಲ್ಲಿದ್ದ ರೋಗಾಣುಗಳನ್ನು ನಿಶ್ಶೇಷಗೊಳಿಸಿತು. ರೋಗಿಗಳಿಗೆ ಕೊಡುವ ಮುನ್ನ, ೧೯೭೨ರಲ್ಲಿ, ತೂ ಮತ್ತು ಸಹೋದ್ಯೋಗಿಗಳು ತಾವೇ ಅದನ್ನು ಸೇವಿಸಿ ನೋಡಿದರು. ಅನಂತರ ಹೈನಾನ್ ದ್ವೀಪದ ರೋಗಿಗಳ ಜ್ವರ ಇಳಿಯಿತು. ಅದೇ ವರ್ಷ ಶುದ್ಧ ಹರಳು ಕೈಸೇರಿತು; ಅದೇ ಆರ್ಟಿಮಿಸಿನಿನ್.

ರೋಗಾಣು ನಮ್ಮ ಹಿಮೋಗ್ಲೋಬಿನ್ನನ್ನು ತಿಂದಾಗ ಬಿಡುಗಡೆಯಾಗುವ ಕಬ್ಬಿಣದ ಅಂಶವು ಈ ಔಷಧಿಯ ಪೆರಾಕ್ಸೈಡ್ ಸೇತುವೆಯನ್ನು ಮುರಿಯುತ್ತದೆ. ಆಗ ಹುಟ್ಟುವ ಉಗ್ರ ಕಣಗಳು ರೋಗಾಣುವನ್ನೇ ಸುಡುತ್ತವೆ. ಆದರೆ ಔಷಧಿ ರಕ್ತದಲ್ಲಿ ಕೆಲವೇ ಗಂಟೆ ನಿಲ್ಲುವುದರಿಂದ, ಹೆಚ್ಚು ಕಾಲ ಉಳಿಯುವ ಇನ್ನೊಂದು ಔಷಧಿಯೊಡನೆ ಮೂರು ದಿನ ಕೊಡುವುದು ಪದ್ಧತಿ. ಜ್ವರ ಬಿಟ್ಟೊಡನೆ ಉಳಿದ ಮಾತ್ರೆಗಳನ್ನು ಮೇಜಿನ ಖಾನೆಗೆ ಸೇರಿಸಿ ಆಫೀಸಿಗೆ ಓಡುವ ನಗರವಾಸಿಯಲ್ಲಿ ಅಳಿದುಳಿದ ರೋಗಾಣುಗಳು ಮತ್ತೆ ಬೆಳೆಯಬಲ್ಲವು. ಕಾಂಬೋಡಿಯಾದ ಗಡಿಯಲ್ಲಿ ಈ ಮದ್ದಿಗೂ ಬೇಗ ಜಗ್ಗದ ತಳಿಗಳು ಈಗಾಗಲೇ ಕಂಡುಬಂದಿವೆ.

೧೯೭೭ರಲ್ಲಿ ಈ ಔಷಧಿಯ ರಚನೆ ಪ್ರಕಟವಾದಾಗ ಲೇಖನದಲ್ಲಿ ಯಾವ ವಿಜ್ಞಾನಿಯ ಹೆಸರೂ ಇರಲಿಲ್ಲ. ಅಂದಿನ ಚೀನಾದ ಕ್ರಮವೇ ಹಾಗಿತ್ತು. ೨೦೧೫ರಲ್ಲಿ ನೊಬೆಲ್ ಪ್ರಶಸ್ತಿಯ ಅರ್ಧಭಾಗ ತೂ ಅವರಿಗೆ ಸಂದಾಗ ಅವರಿಗೆ ೮೪ ವರ್ಷ. ಸ್ಟಾಕ್‌ಹೋಮಿನಲ್ಲಿ ಅವರು ಉಪನ್ಯಾಸ ನೀಡಿದ್ದು ಚೀನೀ ಭಾಷೆಯಲ್ಲಿ.