ನೈದಿಲೆಗೆ ಬಣ್ಣ ಕೊಟ್ಟ ನರ್ಸರಿ

ನೈದಿಲೆ ಅರಳಿದ ಮೊದಲ ದಿನ, ಬಿಸಿಲೇರುವ ಹೊತ್ತಿಗೆ, ಹೂವಿನ ಮೇಲೆ ಬಗ್ಗಿ ನೋಡಿ. ಎಸಳುಗಳ ನಟ್ಟನಡುವೆ ಒಂದು ಪುಟ್ಟ ಬಟ್ಟಲು, ಅದರ ತುಂಬ ತಿಳಿಯಾದ ದ್ರವ. ಸುತ್ತಲೂ ಕೇಸರಗಳು ಬೇಲಿ ಕಟ್ಟಿದ ಹಾಗೆ ನೆಟ್ಟಗೆ ನಿಂತಿರುತ್ತವೆ. ಆದರೆ ಅವುಗಳ ಪರಾಗಕೋಶ ಇನ್ನೂ ಬಿರಿದಿರುವುದಿಲ್ಲ. ಬೇರೆ ಹೂವಿನ ಪರಾಗ ಮೆತ್ತಿಕೊಂಡು ಬಂದ ಜೇನೋ ನೊಣವೋ ನುಣುಪಾದ ಕೇಸರದ ಮೇಲೆ ಕಾಲು ಜಾರಿ ಬಟ್ಟಲಿಗೆ ಬೀಳುತ್ತದೆ. ಅದರ ಮೈಮೇಲಿನ ಪರಾಗ ದ್ರವದಲ್ಲಿ ತೊಳೆದುಹೋಗಿ ತಳದ ಶಲಾಕಾಗ್ರವನ್ನು ಸೇರುತ್ತದೆ. ಕೆಲವು ಕೀಟಗಳು ಒದ್ದಾಡಿ ಮೇಲೆ ಬರುತ್ತವೆ, ಕೆಲವು ಅಲ್ಲೇ ಮುಳುಗಿ ಸಾಯುತ್ತವೆ. ಮರುದಿನ ಅದೇ ಹೂವನ್ನು ನೋಡಿದರೆ ದ್ರವ ಆರಿಹೋಗಿದೆ, ಕೇಸರಗಳು ಒಳಕ್ಕೆ ಬಾಗಿ ಬಟ್ಟಲನ್ನು ಮುಚ್ಚಿವೆ, ಪರಾಗ ಉದುರುತ್ತಿದೆ. ನಿನ್ನೆ ಹೆಣ್ಣಾಗಿದ್ದ ಹೂವು ಇವತ್ತು ಗಂಡಾಗಿದೆ. ಮೂರ್ನಾಲ್ಕು ದಿನ ಹೀಗೆ ಅರಳಿ ಮುಚ್ಚಿ ಆಟವಾಡಿ, ಕೊನೆಗೆ ತೊಟ್ಟು ಬಾಗಿ ಕಾಯಿಯನ್ನು ನೀರಿನೊಳಗೆ ಎಳೆದುಕೊಳ್ಳುತ್ತದೆ.

ಒಂದು ನೈದಿಲೆಯನ್ನು ಇನ್ನೊಂದರ ಜೊತೆ ಕೂಡಿಸಿ ಹೊಸ ತಳಿ ಮಾಡಬೇಕೆನ್ನುವವನಿಗೆ ಇರುವ ಅವಕಾಶ ಆ ಮೊದಲ ದಿನದ ಕೆಲವು ಗಂಟೆ ಮಾತ್ರ. ಫ್ರಾನ್ಸಿನ ಒಬ್ಬ ನರ್ಸರಿಯವ ತನ್ನ ಬದುಕಿನ ಬಹುಪಾಲನ್ನು ಈ ಕೆಲವು ಗಂಟೆಗಳ ಕೆಲಸಕ್ಕೆ ಕೊಟ್ಟ. ಹೆಸರು ಜೋಸೆಫ್ ಬೋರಿ ಲಾತೂರ್-ಮಾರ್ಲಿಯಾಕ್. ಚಿತ್ರಕಾರ ಕ್ಲೋದ್ ಮೋನೆಯ ನೈದಿಲೆ ಚಿತ್ರಗಳನ್ನು ನೀವು ಕ್ಯಾಲೆಂಡರಿನಲ್ಲೋ ಪುಸ್ತಕದ ಮುಖಪುಟದಲ್ಲೋ ನೋಡಿಯೇ ಇರುತ್ತೀರಿ. ಆ ಚಿತ್ರಗಳ ಹಳದಿ, ಗುಲಾಬಿ, ಕೆಂಪು ಹೂಗಳ ಹಿಂದೆ ಇರುವ ಮನುಷ್ಯ ಈತ. ಮೋನೆಯ ಹೆಸರು ಊರಿಗೆಲ್ಲ ಗೊತ್ತು, ಈತನದು ತೋಟಗಾರರ ಹೊರಗೆ ಹೆಚ್ಚಿನವರಿಗೆ ಗೊತ್ತಿಲ್ಲ. ಇದು ನ್ಯಾಯವಲ್ಲ ಎಂದು ನನಗೆ ಬಹಳ ದಿನಗಳಿಂದ ಅನ್ನಿಸಿದೆ.

ಮುಂದೆ ಹೋಗುವ ಮೊದಲು ಒಂದು ಗೊಂದಲ ಬಿಡಿಸಬೇಕು. ತಾವರೆಯೂ ನೈದಿಲೆಯೂ ಒಂದೇ ಎಂದು ನಮ್ಮಲ್ಲಿ ಅನೇಕರು ತಿಳಿದಿದ್ದಾರೆ. ತಾವರೆಯ ಎಲೆ, ಹೂ ಎರಡೂ ನೀರಿನಿಂದ ಮೇಲೆದ್ದು ನಿಲ್ಲುತ್ತವೆ. ಎಲೆ ಪೂರ್ತಿ ದುಂಡಗೆ, ನೀರು ಬಿದ್ದರೆ ಮುತ್ತಾಗಿ ಉರುಳುತ್ತದೆ. ನೈದಿಲೆಯ ಎಲೆ ನೀರಿಗೆ ಅಂಟಿಕೊಂಡೇ ತೇಲುತ್ತದೆ, ಒಂದು ಕಡೆ ಸೀಳಿರುತ್ತದೆ. ನಮ್ಮ ಕೆರೆಗಳ ನೀಲಿ ಕನ್ನೈದಿಲೆ, ರಾತ್ರಿ ಅರಳುವ ಬಿಳಿ ಮತ್ತು ಕೆಂಪು ನೈದಿಲೆಗಳು ಈ ಗುಂಪಿನವು. ಎರಡೂ ನೀರಲ್ಲಿರುವುದರಿಂದ ನೆಂಟರಂತೆ ಕಂಡರೂ ಸಂಬಂಧ ಬಲು ದೂರದ್ದು. ಹೂಬಿಡುವ ಸಸ್ಯಗಳ ವಂಶವೃಕ್ಷದಲ್ಲಿ ಬಹಳ ಮೊದಲೇ ಕವಲೊಡೆದ ಕುಲ ನೈದಿಲೆಯದು. ತಾವರೆಗೆ ಹತ್ತಿರದ ಬಂಧು ಯಾರು ಗೊತ್ತೆ? ಕೊಡಗು, ಚಿಕ್ಕಮಗಳೂರಿನ ಕಾಫಿ ತೋಟಗಳಲ್ಲಿ ನೆರಳಿಗೆ ನೆಟ್ಟಿರುವ ಸಿಲ್ವರ್ ಓಕ್. ಡಿಎನ್‌ಎ ನೋಡಿ ವಿಜ್ಞಾನಿಗಳು ಈ ಎರಡನ್ನೂ ಒಂದೇ ಗಣಕ್ಕೆ ಸೇರಿಸಿದ್ದಾರೆ.

ಈಗ ಮಾರ್ಲಿಯಾಕ್ ಕಾಲಕ್ಕೆ ಬರೋಣ. ಆತ ಹುಟ್ಟಿದ್ದು 1830ರಲ್ಲಿ, ಫ್ರಾನ್ಸಿನ ನೈಋತ್ಯ ಭಾಗದ ಲೊತ್ ನದಿಯ ದಂಡೆಯಲ್ಲಿ, ಜಮೀನುದಾರರ ಮನೆಯಲ್ಲಿ. ಕಾನೂನು ಓದಲೆಂದು ಪ್ಯಾರಿಸಿಗೆ ಹೋದ. 1848ರ ಕ್ರಾಂತಿ ಎದ್ದು ಓದು ನಿಂತಿತು, ಊರಿಗೆ ಮರಳಿದ. ಜಮೀನು ನೋಡಿಕೊಳ್ಳುತ್ತ ಗಿಡಗಳ ಹುಚ್ಚು ಹಿಡಿಸಿಕೊಂಡ. ಮೊದಲು ಹಿಡಿದದ್ದು ಬಿದಿರಿನ ಹುಚ್ಚು. ದೂರದ ಪೂರ್ವದೇಶಗಳ ಬಿದಿರನ್ನು ತರಿಸಿ ಬೆಳೆಸಿದ. ಕಾಂಡದ ಮೇಲೆ ಉದ್ದುದ್ದ ಸುಕ್ಕುಗಳಿರುವ ಒಂದು ಜಪಾನಿ ಬಿದಿರಿಗೆ ಇಂದಿಗೂ ಆತನ ಹೆಸರೇ ಇದೆ.

ಆ ಹೊತ್ತಿಗೆ ಯುರೋಪಿನ ಶ್ರೀಮಂತರಲ್ಲಿ ಜಲಸಸ್ಯಗಳ ಗೀಳು ಹಬ್ಬಿತ್ತು. 1849ರಲ್ಲಿ ಇಂಗ್ಲೆಂಡಿನ ಜೋಸೆಫ್ ಪ್ಯಾಕ್ಸ್ಟನ್ ಅಮೆಜಾನಿನ ದೈತ್ಯ ನೈದಿಲೆ ವಿಕ್ಟೋರಿಯಾವನ್ನು ಬಿಸಿ ಗಾಜಿನಮನೆಯಲ್ಲಿ ಅರಳಿಸಿ ಹೆಸರು ಮಾಡಿದ. ಅದರ ಎಲೆಯಡಿಯ ನರಗಳ ಹೆಣಿಗೆ ತನಗೆ ಕಟ್ಟಡದ ಪಾಠ ಕಲಿಸಿತೆಂದು ಹೇಳಿದ ಪ್ಯಾಕ್ಸ್ಟನ್‌ನೇ 1851ರಲ್ಲಿ ಲಂಡನ್ನಿನ ಕ್ರಿಸ್ಟಲ್ ಪ್ಯಾಲೇಸ್ ಕಟ್ಟಿದ್ದು. ನಮ್ಮ ಲಾಲ್‌ಬಾಗಿನ ಗಾಜಿನಮನೆಗೆ ಮಾದರಿಯಾದದ್ದು ಆ ಕಟ್ಟಡವೇ.

ಆದರೆ ಬಣ್ಣದ ನೈದಿಲೆ ಬೇಕೆಂದರೆ ಗಾಜಿನಮನೆ ಬೇಕು, ಕಲ್ಲಿದ್ದಲು ಉರಿಸಿ ನೀರು ಬೆಚ್ಚಗಿಡಬೇಕು. ನೀಲಿ, ಕೆಂಪು, ನೇರಳೆ ಎಲ್ಲ ಉಷ್ಣವಲಯದವು. ಯುರೋಪಿನ ಚಳಿಯಲ್ಲಿ, ಮೇಲೆ ಮಂಜುಗಡ್ಡೆ ಕಟ್ಟಿದರೂ ಕೆಸರಿನಲ್ಲಿ ಗೆಡ್ಡೆ ಉಳಿಸಿಕೊಂಡು ಮತ್ತೆ ಚಿಗುರುವ ಅಲ್ಲಿನ ನೈದಿಲೆಗೆ ಇದ್ದದ್ದು ಒಂದೇ ಬಣ್ಣ, ಬಿಳಿ. ಬಯಲು ಕೊಳದಲ್ಲಿ ಚಳಿಗಾಲ ಕಳೆಯಬಲ್ಲ ಬಣ್ಣದ ನೈದಿಲೆಯನ್ನು ಮಾಡಿಯೇ ತೀರುತ್ತೇನೆಂದು ಮಾರ್ಲಿಯಾಕ್ ಹೊರಟ. 1875ರಲ್ಲಿ ಲ ತಾಂಪ್ಲ್-ಸುರ್-ಲೊತ್ ಎಂಬ ಹಳ್ಳಿಯಲ್ಲಿ, ಸದಾ ಹರಿಯುವ ಬುಗ್ಗೆಗಳಿದ್ದ ಜಾಗ ಹುಡುಕಿ, ತೊಟ್ಟಿಗಳ ಸಾಲು ಕಟ್ಟಿ ನರ್ಸರಿ ತೆರೆದ.

ಬಣ್ಣ ಎಲ್ಲಿಂದ ತರುವುದು? ಚಳಿ ತಡೆಯುವ ಗುಂಪಿನೊಳಗೇ ಎಲ್ಲೋ ಅಪರೂಪಕ್ಕೆ ಬಣ್ಣ ಬಿಟ್ಟ ಗಿಡಗಳು ಬೇಕು. ಅಂಥವು ಬೆರಳೆಣಿಕೆಯಷ್ಟಿದ್ದವು. ಅಮೆರಿಕದ ಕೇಪ್ ಕಾಡ್ ಕಡೆ ಪರಿಮಳದ ಬಿಳಿ ನೈದಿಲೆಯಲ್ಲಿ ಗುಲಾಬಿ ಬಣ್ಣದ ಒಂದು ಬಗೆ ಇತ್ತು. ಫ್ಲೋರಿಡಾ, ಮೆಕ್ಸಿಕೊ ಸೀಮೆಯಲ್ಲಿ ಹಳದಿಯದು ಇತ್ತು. ಎಲ್ಲಕ್ಕಿಂತ ಅಪರೂಪದ್ದು ಸ್ವೀಡನ್ನಿನ ಫಾಗರ್‌ಟ್ಯಾರ್ನ್ ಎಂಬ ಕಾಡುಕೊಳದಲ್ಲಿ 1850ರ ದಶಕದಲ್ಲಿ ಕಣ್ಣಿಗೆ ಬಿದ್ದ ಕೆಂಪು ನೈದಿಲೆ. ಅದು ಯುರೋಪಿನ ಮಾಮೂಲಿ ಬಿಳಿ ನೈದಿಲೆಯದೇ ಕೆಂಪು ರೂಪ. ಸುದ್ದಿ ಹಬ್ಬಿದ್ದೇ ತಡ ಮಾರಾಟಗಾರರು ಆ ಕೊಳಕ್ಕೆ ಮುಗಿಬಿದ್ದು ಗೆಡ್ಡೆ ಕಿತ್ತು ಸಾಗಿಸಿದರು. ಕೊನೆಗೆ 20ನೆಯ ಶತಮಾನದ ಆರಂಭದಲ್ಲಿ ಸ್ವೀಡನ್ ಅದನ್ನು ಕಾನೂನಿನಿಂದ ಕಾಪಾಡಬೇಕಾಯಿತು. ಅಪರೂಪದ ಗಿಡಗಳ ವ್ಯಾಪಾರದ ಈ ಇನ್ನೊಂದು ಮುಖವನ್ನು ಮರೆಯುವಂತಿಲ್ಲ. ನರ್ಸರಿಯವ ಗಿಡವನ್ನು ಹೆಚ್ಚಿಸಲೂ ಬಲ್ಲ, ಕಾಡಿನಿಂದ ಬರಿದು ಮಾಡಲೂ ಬಲ್ಲ.

ಇನ್ನು ಕೆಲಸ. ನಾಳೆ ಅರಳುವ ಮೊಗ್ಗನ್ನು ಗುರುತಿಸಿ ತೆರೆಯಬೇಕು, ಕೇಸರಗಳನ್ನು ಕತ್ತರಿಯಿಂದ ಕತ್ತರಿಸಿ ತೆಗೆಯಬೇಕು. ಎರಡನೆಯ ದಿನದ ಬೇರೆ ಹೂವಿನ ಪರಾಗ ತಂದು ಬಟ್ಟಲಿನ ದ್ರವಕ್ಕೆ ಉದುರಿಸಬೇಕು. ಕೀಟ ಬಾರದಂತೆ ತೆಳು ಬಟ್ಟೆ ಕಟ್ಟಬೇಕು. ಕಾಯಿ ಕಚ್ಚಿದರೆ ಅದು ನೀರಿನಡಿಯಲ್ಲಿ ವಾರಗಟ್ಟಲೆ ಬಲಿಯುತ್ತದೆ. ಒಡೆಯುವ ಮೊದಲೇ ಅದಕ್ಕೂ ಚೀಲ ಕಟ್ಟದಿದ್ದರೆ ಬೀಜಗಳು ಲೋಳೆಯ ತೇಲುಪದರ ಹೊದ್ದು ಮೇಲೆ ಬಂದು, ತೇಲಿ, ಎಲ್ಲೋ ಮುಳುಗಿ ಕಳೆದುಹೋಗುತ್ತವೆ. ಬೀಜವನ್ನು ಒಣಗಲು ಬಿಡದೆ ಕೆಸರಿನಲ್ಲಿ ಬಿತ್ತಬೇಕು. ಸಸಿ ಹೂಬಿಡಲು ಎರಡು ಮೂರು ವರ್ಷ. ನೂರು ಸಸಿ ಹೂಬಿಟ್ಟರೆ ತೊಂಬತ್ತಕ್ಕೂ ಹೆಚ್ಚು ಎಸೆಯಲೇ ತಕ್ಕವು. ಇಷ್ಟೆಲ್ಲ ಮಾಡುವಾಗ ಆತನಿಗೆ ಆನುವಂಶಿಕತೆಯ ನಿಯಮ ಕಂಡುಹಿಡಿದ ಮೆಂಡೆಲ್ ಗೊತ್ತಿಲ್ಲ. ಬಟಾಣಿ ಗಿಡಗಳ ಮೇಲೆ ಮೆಂಡೆಲ್ ಬರೆದ ಪ್ರಬಂಧ 1866ರಲ್ಲೇ ಅಚ್ಚಾಗಿದ್ದರೂ ಜಗತ್ತು ಅದನ್ನು ಗಮನಿಸಿದ್ದು 1900ರಲ್ಲಿ. ವಂಶವಾಹಿ ಎಂಬ ಮಾತೇ ಇಲ್ಲದ ಕಾಲದಲ್ಲಿ ಕಣ್ಣಳತೆ, ನೆನಪು, ತಾಳ್ಮೆ ಇವಿಷ್ಟೇ ಬಂಡವಾಳ.

ಫಲ ಬಂತು. ಮೊದಲು ತಿಳಿಹಳದಿ, ಮಾಸಲು ಗುಲಾಬಿ, ಆಮೇಲೆ ತಾಮ್ರದ ಬಣ್ಣ, ಕಡುಗೆಂಪು. ಕ್ರೊಮಟೆಲ್ಲಾ ಎಂಬ ಹಳದಿ ತಳಿಯ ಎಲೆಯ ಮೇಲೆ ಕಂದು ಮಚ್ಚೆಗಳು, ಅವು ಮೆಕ್ಸಿಕೊದ ಅಜ್ಜಿಯ ಗುರುತು. ಅರೋರಾ ಎಂಬ ಪುಟ್ಟ ತಳಿಯಂತೂ ಮೊದಲ ದಿನ ಕೆನೆಹಳದಿ, ಎರಡನೆಯ ದಿನ ಕಿತ್ತಳೆ, ಮೂರನೆಯ ದಿನ ಕೆಂಪು. ಒಂದೇ ತೊಟ್ಟಿಯಲ್ಲಿ ಮೂರು ಹೂವಿದ್ದರೆ ಮೂರು ಬೇರೆ ಗಿಡಗಳೆಂದೇ ಅನ್ನಿಸಬೇಕು. ಅಳಿಯ ಮೋರಿಸ್ ಲೇಡೆಕರ್ ಹೆಸರಿನಲ್ಲೂ ಆತ ಒಂದು ತಳಿಸಾಲು ಹೊರತಂದ.

ಯಾವುದನ್ನು ಯಾವುದಕ್ಕೆ ಕೂಡಿಸಿದ? ಅದನ್ನು ಆತ ಪೂರ್ತಿಯಾಗಿ ಬಿಟ್ಟುಕೊಡಲೇ ಇಲ್ಲ. ಆತನದು ಸಣ್ಣ ಮನಸ್ಸೆಂದು ದೂರಿದವರಿದ್ದಾರೆ. ನಾನು ಹಾಗೆ ಹೇಳಲಾರೆ. ಗಿಡಕ್ಕೆ ಪೇಟೆಂಟ್ ಎಂಬುದು ಅಮೆರಿಕದಲ್ಲಿ ಬಂದದ್ದೇ 1930ರಲ್ಲಿ. ನಮ್ಮಲ್ಲಿ ತಳಿ ಅಭಿವೃದ್ಧಿಗಾರರ ಮತ್ತು ರೈತರ ಹಕ್ಕಿನ ಕಾಯಿದೆ 2001ರದು. ಮಾರ್ಲಿಯಾಕ್‌ನ ಕಾಲದಲ್ಲಿ ಒಂದು ಗೆಡ್ಡೆ ಕೊಂಡವನು ಎರಡು ವರ್ಷದಲ್ಲಿ ಅದನ್ನು ಹತ್ತು ಮಾಡಿ ತನ್ನದೆಂದು ಮಾರಬಹುದಿತ್ತು, ಕೇಳುವವರಿರಲಿಲ್ಲ. ಹೊಸ ತಳಿಯನ್ನು ಮೊದಲು ದುಬಾರಿ ಬೆಲೆಗೆ ಮಾರುವುದು, ತಂದೆ ತಾಯಿ ಯಾರೆಂಬುದನ್ನು ಬಚ್ಚಿಡುವುದು ಬಿಟ್ಟರೆ ಇಪ್ಪತ್ತು ವರ್ಷದ ದುಡಿಮೆಗೆ ಬೇರೆ ಕಾವಲೇ ಇರಲಿಲ್ಲ.

ಅದರ ಜೊತೆಗೆ ಪ್ರಕೃತಿಯೇ ಒಂದು ಬೀಗ ಹಾಕಿಕೊಟ್ಟಿತ್ತು. ಆತನ ತಳಿಗಳಲ್ಲಿ ಬಹುಪಾಲು ಬಂಜೆ. ನೈದಿಲೆ ಜಾತಿಗಳ ವರ್ಣತಂತುಗಳ ಸಂಖ್ಯೆ 14ರ ಗುಣಕಗಳಲ್ಲಿ ಇರುತ್ತದೆ. ಆದರೆ ಒಂದು ಜಾತಿಯಲ್ಲಿ ಎಷ್ಟು ಮಡಿಯೋ ಇನ್ನೊಂದರಲ್ಲಿ ಅಷ್ಟೇ ಎಂದಿಲ್ಲ. ಲೆಕ್ಕ ಹೊಂದದ ಎರಡು ಜಾತಿಗಳ ಮಗುವಿನಲ್ಲಿ, ಪರಾಗ ಮತ್ತು ಅಂಡ ತಯಾರಾಗುವಾಗ ವರ್ಣತಂತುಗಳು ಜೋಡಿಯಾಗಲು ತಡಕಾಡುತ್ತವೆ. ಕೆಲವಕ್ಕೆ ಜೊತೆ ಸಿಗುವುದಿಲ್ಲ. ಹೂ ಚೆನ್ನಾಗಿಯೇ ಅರಳುತ್ತದೆ, ಬೀಜ ಮಾತ್ರ ಕಟ್ಟುವುದಿಲ್ಲ. ಕುದುರೆ ಕತ್ತೆಗಳ ಮಗುವಾದ ಹೇಸರಗತ್ತೆಯ ಕಥೆಯೇ ಇದು. ಹೀಗಾಗಿ ಆತನ ಗಿಡ ಕೊಂಡವರು ಅದರಿಂದ ಮುಂದಿನ ಹೊಸ ತಳಿ ಎಬ್ಬಿಸುವುದು ಸುಲಭವಿರಲಿಲ್ಲ.

1889. ಪ್ಯಾರಿಸಿನಲ್ಲಿ ಜಾಗತಿಕ ಪ್ರದರ್ಶನ, ಐಫೆಲ್ ಗೋಪುರ ಹೊಸದಾಗಿ ಎದ್ದು ನಿಂತಿದೆ. (ಅದೇ ವರ್ಷದ ನವೆಂಬರಿನಲ್ಲಿ ಲಾಲ್‌ಬಾಗಿನ ಗಾಜಿನಮನೆಗೆ ಅಡಿಗಲ್ಲು ಬಿತ್ತು.) ಗೋಪುರದ ಎದುರು ದಂಡೆಯ ತ್ರೊಕಾದೆರೊ ಉದ್ಯಾನದ ಕೊಳದಲ್ಲಿ ಮಾರ್ಲಿಯಾಕ್ ತನ್ನ ಬಣ್ಣದ ನೈದಿಲೆಗಳನ್ನು ಬಿಟ್ಟ. ಬಹುಮಾನವೂ ಬಂತು, ಹೆಸರೂ ಬಂತು. ನೋಡಲು ಬಂದವರಲ್ಲಿ ಮೋನೆಯೂ ಇದ್ದ.

ಮೋನೆ 1893ರಲ್ಲಿ ಜಿವೆರ್ನಿಯ ತನ್ನ ಮನೆಯಾಚೆ ಜಾಗ ಕೊಂಡು, ಪಕ್ಕದ ತೊರೆಯಿಂದ ನೀರು ತಿರುಗಿಸಿ ಕೊಳ ಮಾಡಲು ಹೊರಟಾಗ ಊರಿನವರು ತಕರಾರು ತೆಗೆದರು. ಈ ವಿಚಿತ್ರ ಪರದೇಶಿ ಗಿಡಗಳು ನೀರಿಗೆ ವಿಷ ಬೆರೆಸಿ ದನಕರುಗಳಿಗೆ ಕೇಡು ಮಾಡಿಯಾವೆಂಬ ಹೆದರಿಕೆ ಅವರದು. ಜಿಲ್ಲಾಡಳಿತಕ್ಕೆ ಬರೆದು ಅನುಮತಿ ಪಡೆಯಬೇಕಾಯಿತು. 1894ರಲ್ಲಿ ಮಾರ್ಲಿಯಾಕ್‌ನ ನರ್ಸರಿಗೆ ಮೋನೆಯ ಆರ್ಡರು ಹೋಯಿತು. ಅದರ ದಾಖಲೆ ಇಂದಿಗೂ ನರ್ಸರಿಯ ಕಡತದಲ್ಲಿದೆ. ಗೆಡ್ಡೆಗಳು ಬಂದವು, ಕೊಳ ತುಂಬಿತು. ಅಲ್ಲಿಂದ ಸಾಯುವ ತನಕ ಮೋನೆ ಆ ಒಂದು ಕೊಳವನ್ನು ಸುಮಾರು 250 ಸಲ ಚಿತ್ರಿಸಿದ. ಕೊನೆಯ ದೊಡ್ಡ ಚಿತ್ರಗಳು 1927ರಲ್ಲಿ ಪ್ಯಾರಿಸಿನ ಒರಾಂಜರಿ ಮ್ಯೂಸಿಯಮ್ಮಿನಲ್ಲಿ ಸಾರ್ವಜನಿಕರಿಗೆ ತೆರೆದವು. ಅವುಗಳ ಮುಂದೆ ನಿಂತವರು ಬೆಳಕಿನ ಬಗ್ಗೆ, ಕುಂಚದ ಬಗ್ಗೆ ಮಾತಾಡುತ್ತಾರೆ. ಮೋನೆ ಕೊಳ ಮಾಡುವುದಕ್ಕೆ ಇಪ್ಪತ್ತು ವರ್ಷ ಹಿಂದೆ ಹೋಗಿದ್ದರೆ ಅಂಥ ಬಣ್ಣದ ಕೊಳ ಯುರೋಪಿನ ಬಯಲಿನಲ್ಲಿ ಎಲ್ಲೂ ಇರಲಿಲ್ಲ ಎಂಬುದನ್ನು ಯಾರಾದರೂ ಅಲ್ಲಿ ಹೇಳಬೇಕು.

ಮಾರ್ಲಿಯಾಕ್ 1911ರಲ್ಲಿ ತೀರಿಕೊಂಡ. ಅದಕ್ಕೆ ಎರಡು ವರ್ಷ ಮೊದಲು ಹೊರಬಂದ ಎಸ್ಕಾರ್‌ಬೂಕ್ಲ್ ಎಂಬ ಮಾಣಿಕ್ಯಗೆಂಪು ತಳಿಯನ್ನು ಕೆಂಪು ನೈದಿಲೆಗಳಲ್ಲೇ ಶ್ರೇಷ್ಠವೆಂದು ಬಹಳ ಬೆಳೆಗಾರರು ಈಗಲೂ ಹೇಳುತ್ತಾರೆ. ಆತನಿಗೆ ಒಲಿಯದೆ ಉಳಿದ ಬಣ್ಣ ನೀಲಿ. ಅದು ನಮ್ಮ ಕನ್ನೈದಿಲೆಯಂಥ ಉಷ್ಣವಲಯದ ಉಪಕುಲದ್ದು, ಚಳಿನಾಡಿನವುಗಳ ಜೊತೆ ಸುಲಭವಾಗಿ ಕೂಡುವುದಿಲ್ಲ. ಆ ಗೋಡೆ ದಾಟಿ ಚಳಿ ತಡೆಯುವ ನೀಲಿ ನೈದಿಲೆ ಬರಲು ಈ ಶತಮಾನವೇ ಬೇಕಾಯಿತು. ಅದನ್ನು ಸಾಧಿಸಿದ್ದು ಥಾಯ್ಲೆಂಡಿನ ತಳಿಗಾರ ಪೈರತ್ ಸೊಂಗ್‌ಪಾನಿಚ್.

ಬೀಜವಿಲ್ಲದ ಗಿಡ ನೂರು ವರ್ಷ ಉಳಿದದ್ದು ಹೇಗೆ? ಗೆಡ್ಡೆಯಿಂದ. ಈ ತಳಿಗಳ ಗೆಡ್ಡೆ ದಪ್ಪ, ಕೆಸರಿನಲ್ಲಿ ಅಡ್ಡಕ್ಕೆ ಬೆಳೆಯುತ್ತದೆ, ಮೈತುಂಬ ಕಣ್ಣುಗಳು. ಕಣ್ಣಿರುವ ತುಂಡನ್ನು ಚಾಕುವಿನಿಂದ ಕೊಯ್ದು ಬೇರೆ ಕುಂಡದಲ್ಲಿ ನೆಟ್ಟರೆ ಅದೇ ಗಿಡ. ಮಗುವಲ್ಲ, ಅದೇ ಗಿಡ. ಇವತ್ತು ಎಲ್ಲಾದರೂ ಅಸಲಿ ಎಸ್ಕಾರ್‌ಬೂಕ್ಲ್ ಅರಳಿದ್ದರೆ ಅದು ಮಾರ್ಲಿಯಾಕ್‌ನ ತೊಟ್ಟಿಯಲ್ಲಿದ್ದ ಆ ಒಂದು ಗಿಡದ ತುಂಡಿನ ತುಂಡಿನ ತುಂಡು. ನಡುವೆ ಎಲ್ಲೋ ಒಂದು ತಲೆಮಾರು ಕೊಯ್ದು ನೆಡುವುದನ್ನು ಬಿಟ್ಟಿದ್ದರೆ ತಳಿಯೇ ಹೋಗುತ್ತಿತ್ತು. ಆತನ ತಳಿಗಳಲ್ಲಿ ಹಾಗೆ ಹೋದವೂ ಇವೆ. ಗಿಡ ಉಳಿದು ಹೆಸರು ಅಳಿಸಿಹೋದವೂ ಇವೆ. ಹೆಸರು ತಪ್ಪಿದ ಗಿಡವನ್ನು ಮತ್ತೆ ಗುರುತಿಸುವುದು ಬಲು ಕಷ್ಟದ ಕೆಲಸ.

ಬೆಂಗಳೂರಿನ ತಾರಸಿಗಳ ಮೇಲೆ, ಮಲೆನಾಡಿನ ಅಂಗಳಗಳಲ್ಲಿ ಈಗ ತೊಟ್ಟಿಯ ನೈದಿಲೆ ಸಾಮಾನ್ಯವಾಗಿದೆ. ಅದನ್ನು ಬೆಳೆಸುವವರಿಗೆ ನನ್ನ ಎರಡು ಕೋರಿಕೆ. ಹೆಚ್ಚಾದ ಗೆಡ್ಡೆಯನ್ನು ಊರ ಕೆರೆಗೆ ಎಸೆಯಬೇಡಿ. ಮೆಕ್ಸಿಕೊದ ಹಳದಿ ನೈದಿಲೆ ದಕ್ಷಿಣ ಆಫ್ರಿಕದ ನೀರುಗಳಲ್ಲಿ ಕಳೆಯಾಗಿ ಹಬ್ಬಿದೆ. ನಮ್ಮ ಕೆರೆ ಕನ್ನೈದಿಲೆಗೆ ಇರಲಿ. ಇನ್ನು ನೆರೆಯವರಿಗೆ ಒಂದು ತುಂಡು ಕೊಯ್ದು ಕೊಡುವಾಗ, ಕುಂಡದ ಅಂಚಿಗೆ ತಳಿಯ ಹೆಸರು ಬರೆದ ಚೀಟಿಯನ್ನೂ ಕಟ್ಟಿ ಕೊಡಿ.