ಕೊಳಕುಮಂಡಲಕ್ಕೆ ಹೆಸರು ಕೊಟ್ಟ ವೈದ್ಯ: ವಿಶಾಖಪಟ್ಟಣದ ಪ್ಯಾಟ್ರಿಕ್ ರಸೆಲ್ ಹೆಜ್ಜೆಗುರುತು ಇಂದಿಗೂ ಏಕೆ ಮುಖ್ಯ?

ಗನ್ನವರಂ/ವಿಶಾಖಪಟ್ಟಣಂ (ಆಂಧ್ರಪ್ರದೇಶ): ಗದ್ದೆ, ತೋಟಗಳಲ್ಲಿ ಕೆಲಸ ಮಾಡುವವರು ಅತಿ ಹೆಚ್ಚು ಹೆದರುವ ಹಾವುಗಳಲ್ಲಿ ಕೊಳಕುಮಂಡಲವೂ ಒಂದು. ಜಗತ್ತಿನಾದ್ಯಂತ ವಿಜ್ಞಾನಿಗಳು ಮತ್ತು ವೈದ್ಯರು ಇದನ್ನು 'ರಸೆಲ್ಸ್ ವೈಪರ್' ಎಂದು ಕರೆಯುತ್ತಾರೆ. ಆದರೆ ಈ ರಸೆಲ್ ಯಾರು ಎಂಬುದು ಅನೇಕರಿಗೆ ಗೊತ್ತಿಲ್ಲ. ಅವರು ಪ್ಯಾಟ್ರಿಕ್ ರಸೆಲ್. ಸುಮಾರು 240 ವರ್ಷಗಳ ಹಿಂದೆ ಆಂಧ್ರದ ಕರಾವಳಿಯಲ್ಲಿ ನೆಲೆಸಿ, ಇಲ್ಲಿನ ಹಾವು, ಮೀನು ಮತ್ತು ಗಿಡಗಳನ್ನು ದಾಖಲಿಸಿದ ಸ್ಕಾಟ್ಲೆಂಡ್ ಮೂಲದ ವೈದ್ಯ.

ವಿಜಯವಾಡಕ್ಕೆ ವಿಮಾನದಲ್ಲಿ ಬರುವವರು ಇಳಿಯುವುದು ನಗರದ ಹೊರಗಿರುವ ಗನ್ನವರಂನಲ್ಲಿ. ಇಲ್ಲಿಂದ ರಾಷ್ಟ್ರೀಯ ಹೆದ್ದಾರಿ 16ರಲ್ಲಿ ಗೋದಾವರಿ ದಾಟಿ 300 ಕಿ.ಮೀ.ಗೂ ಹೆಚ್ಚು ದೂರ ಸಾಗಿದರೆ ವಿಶಾಖಪಟ್ಟಣ ಸಿಗುತ್ತದೆ. ಕೃಷ್ಣಾ ಮತ್ತು ಗೋದಾವರಿ ನದಿಗಳ ಮುಖಜ ಭೂಮಿಯನ್ನು ಹಾದು ಹೋಗುವ ಈ ಕರಾವಳಿ ಭಾರತದ ಜೀವವಿಜ್ಞಾನದ ಇತಿಹಾಸದಲ್ಲಿ ಬಹುಮುಖ್ಯ ಜಾಗ. ಪೂರ್ವ ಕರಾವಳಿಯನ್ನು ಆಗ ಕೋರಮಂಡಲ ಎಂದು ಕರೆಯಲಾಗುತ್ತಿತ್ತು.

ಅಲೆಪ್ಪೊದಿಂದ ವಿಶಾಖಪಟ್ಟಣಕ್ಕೆ:

ರಸೆಲ್ ಹುಟ್ಟಿದ್ದು ಎಡಿನ್‌ಬರೋದಲ್ಲಿ. ವೈದ್ಯಕೀಯ ಕಲಿತ ಬಳಿಕ ಅವರು ಸಿರಿಯಾದ ಅಲೆಪ್ಪೊ ನಗರಕ್ಕೆ ತೆರಳಿದರು. ಅಲ್ಲಿ ಮಲ ಸಹೋದರ ಅಲೆಕ್ಸಾಂಡರ್ ರಸೆಲ್ ಬ್ರಿಟಿಷ್ ವ್ಯಾಪಾರಿಗಳ ವೈದ್ಯರಾಗಿದ್ದರು. ಅಣ್ಣನ ನಂತರ ಆ ಹುದ್ದೆ ತಮ್ಮನಿಗೆ ಬಂತು. 1760ರಿಂದ 1762ರವರೆಗೆ ಅಲೆಪ್ಪೊದಲ್ಲಿ ಪ್ಲೇಗ್ ಹರಡಿದಾಗ ರಸೆಲ್ ಅಲ್ಲೇ ಇದ್ದು ರೋಗಿಗಳ ವಿವರ ದಾಖಲಿಸಿದರು. ಆ ಅನುಭವವೇ 1791ರಲ್ಲಿ ಪ್ಲೇಗ್ ಕುರಿತ ದೊಡ್ಡ ಗ್ರಂಥವಾಗಿ ಹೊರಬಂತು. 1777ರಲ್ಲಿ ಅವರು ಲಂಡನ್‌ನ ರಾಯಲ್ ಸೊಸೈಟಿಯ ಸದಸ್ಯರಾದರು.

ಅವರು ಭಾರತಕ್ಕೆ ಬಂದಿದ್ದು ಐವತ್ತು ದಾಟಿದ ವಯಸ್ಸಿನಲ್ಲಿ. ಇನ್ನೊಬ್ಬ ಸಹೋದರ ಕ್ಲಾಡ್ ರಸೆಲ್ ಅವರಿಗೆ ಈಸ್ಟ್ ಇಂಡಿಯಾ ಕಂಪನಿಯಿಂದ ವಿಶಾಖಪಟ್ಟಣದ ಆಡಳಿತದ ಹೊಣೆ ಸಿಕ್ಕಿತ್ತು. 1780ರ ದಶಕದ ಆರಂಭದಲ್ಲಿ ಪ್ಯಾಟ್ರಿಕ್ ಕೂಡ ಜೊತೆಗೆ ಬಂದರು. ಮೊದಲಿಗೆ ಯಾವ ಹುದ್ದೆಯೂ ಇರಲಿಲ್ಲ. ಸುತ್ತಲಿನ ಗಿಡ, ಮೀನು, ಹಾವುಗಳನ್ನು ಸಂಗ್ರಹಿಸುವುದೇ ಅವರ ಕೆಲಸವಾಯಿತು.

1785ರಲ್ಲಿ ಕಂಪನಿಯ ಸಸ್ಯಶಾಸ್ತ್ರಜ್ಞ ಯೋಹಾನ್ ಗೆರ್ಹಾರ್ಡ್ ಕ್ಯೋನಿಗ್ ಕಾಕಿನಾಡದಲ್ಲಿ ನಿಧನರಾದರು. ಇವರು ಜೀವಿಗಳಿಗೆ ಎರಡು ಪದಗಳ ಲ್ಯಾಟಿನ್ ಹೆಸರಿಡುವ ಪದ್ಧತಿ ತಂದ ಲಿನೇಯಸ್ ಅವರ ಶಿಷ್ಯ. ತೆರವಾದ ಹುದ್ದೆ ರಸೆಲ್ ಅವರಿಗೆ ಸಿಕ್ಕಿತು. 1789ರಲ್ಲಿ ಭಾರತ ಬಿಡುವವರೆಗೂ ಅವರು ಅದರಲ್ಲಿದ್ದರು.

ಯಾವ ಹಾವಿಗೆ ವಿಷವಿದೆ? ಅದೇ ಮೊದಲ ಪ್ರಶ್ನೆ:

ರಸೆಲ್ ಹಾವುಗಳ ಬೆನ್ನುಹತ್ತಿದ್ದು ಕೇವಲ ಕುತೂಹಲಕ್ಕಲ್ಲ. ಹಳ್ಳಿಗಳಲ್ಲಿ ಹಾವು ಕಡಿತದಿಂದ ಸಾವು ಸಂಭವಿಸುತ್ತಿತ್ತು. ಆದರೆ ಯಾವ ಹಾವು ವಿಷಕಾರಿ, ಯಾವುದು ನಿರಪಾಯಕಾರಿ ಎಂಬ ಖಚಿತ ಮಾಹಿತಿ ಕಂಪನಿಯ ವೈದ್ಯರ ಬಳಿ ಇರಲಿಲ್ಲ. ಇದು ಗೊತ್ತಿಲ್ಲದಿದ್ದರೆ ಮದ್ದಿನ ಪರೀಕ್ಷೆಯೂ ಸಾಧ್ಯವಿಲ್ಲ. ಏಕೆಂದರೆ ವಿಷವಿಲ್ಲದ ಹಾವು ಕಚ್ಚಿದವನು ಏನೇ ಕುಡಿದರೂ ಬದುಕುತ್ತಾನೆ, ಕೀರ್ತಿ ಮಾತ್ರ ಮದ್ದಿಗೆ ಸಲ್ಲುತ್ತದೆ.

ಹೀಗಾಗಿ ರಸೆಲ್ ಹಾವುಗಳ ಹಲ್ಲು, ಹುರುಪೆ, ಬಣ್ಣ, ಉದ್ದ ಎಲ್ಲವನ್ನೂ ಒಂದೊಂದಾಗಿ ಗುರುತು ಹಾಕಿಕೊಂಡರು. ಕೋಳಿ ಮತ್ತು ನಾಯಿಗಳ ಮೇಲೆ ವಿಷದ ಪರಿಣಾಮ ಪರೀಕ್ಷಿಸಿದರು. ಆಗ ಹೆಸರುವಾಸಿಯಾಗಿದ್ದ, ಪಾಷಾಣ ಮತ್ತು ಪಾದರಸ ಬೆರೆಸಿದ 'ತಂಜಾವೂರು ಗುಳಿಗೆ'ಯನ್ನೂ ಪರೀಕ್ಷೆಗೆ ಒಡ್ಡಿದರು. ಇಂದಿನ ದೃಷ್ಟಿಯಲ್ಲಿ ಆ ಪ್ರಾಣಿ ಪ್ರಯೋಗಗಳು ಕ್ರೂರವೇ. ಆದರೆ ನಂಬಿಕೆಯ ಬದಲು ಪರೀಕ್ಷೆಯ ಮೂಲಕ ಮದ್ದನ್ನು ಅಳೆಯುವ ಆರಂಭಿಕ ಪ್ರಯತ್ನಗಳಲ್ಲಿ ಇದೂ ಒಂದು.

1787ರಲ್ಲಿ ವಿಷಸರ್ಪಗಳ ಕುರಿತ ಅವರ ಕಿರು ಬರಹವನ್ನು ಮದ್ರಾಸ್ ಸರ್ಕಾರ ಮುದ್ರಿಸಿತು. 1796ರಲ್ಲಿ ಲಂಡನ್‌ನಲ್ಲಿ ಕೋರಮಂಡಲ ಕರಾವಳಿಯ ಹಾವುಗಳ ಕುರಿತ ಸಚಿತ್ರ ಗ್ರಂಥದ ಮೊದಲ ಸಂಪುಟ ಹೊರಬಂತು. ಎರಡನೇ ಸಂಪುಟ 1801ರಿಂದ 1809ರವರೆಗೆ ಭಾಗಗಳಾಗಿ ಪ್ರಕಟವಾಯಿತು. ಅದು ಪೂರ್ಣಗೊಳ್ಳುವ ಮೊದಲೇ, 1805ರಲ್ಲಿ ರಸೆಲ್ ಲಂಡನ್‌ನಲ್ಲಿ ನಿಧನರಾದರು.

ತೆಲುಗು ಹೆಸರಿನಿಂದ ಲ್ಯಾಟಿನ್ ಹೆಸರಿಗೆ:

ಈ ಗ್ರಂಥದ ವಿಶೇಷವೆಂದರೆ ರಸೆಲ್ ಹಾವುಗಳಿಗೆ ಹೊಸ ಲ್ಯಾಟಿನ್ ಹೆಸರಿಡಲು ಆತುರಪಡಲಿಲ್ಲ. ಊರಿನವರು ಹೇಳಿದ ತೆಲುಗು ಹೆಸರನ್ನೇ ಇಂಗ್ಲಿಷ್ ಅಕ್ಷರಗಳಲ್ಲಿ ಬರೆದುಕೊಂಡರು.

ಕೊಳಕುಮಂಡಲಕ್ಕೆ ಅವರು ಕೊಟ್ಟ ಹೆಸರು 'ಕಾಟುಕ ರೇಕುಲ ಪೊಡ'. ತೆಲುಗಿನಲ್ಲಿ ಕಾಟುಕ ಎಂದರೆ ಕಣ್ಣಿನ ಕಾಡಿಗೆ, ರೇಕು ಎಂದರೆ ಎಸಳು, ಪೊಡ ಎಂದರೆ ಮಚ್ಚೆ. ಹಾವಿನ ಮೈಮೇಲೆ ಸಾಲಾಗಿರುವ ಕಪ್ಪು ಅಂಚಿನ ದುಂಡು ಗುರುತುಗಳನ್ನು ನೋಡಿದವರಿಗೆ ಈ ಹೆಸರಿನ ಅರ್ಥ ತಕ್ಷಣ ಹೊಳೆಯುತ್ತದೆ. ಕನ್ನಡದ 'ಮಂಡಲ' ಎಂಬ ಹೆಸರಿನ ಹಿಂದೆ ಇರುವುದೂ ಅದೇ ದುಂಡು ಗುರುತು. ನಾಗರಹಾವಿನ ನಂತರ ಅತ್ಯಂತ ಅಪಾಯಕಾರಿ ಹಾವು ಇದೇ ಎಂದು ರಸೆಲ್ ಗುರುತಿಸಿದ್ದರು. 1797ರಲ್ಲಿ ಬ್ರಿಟಿಷ್ ಪ್ರಾಣಿಶಾಸ್ತ್ರಜ್ಞ ಜಾರ್ಜ್ ಶಾ ಈ ಹಾವಿಗೆ ವೈಜ್ಞಾನಿಕ ಹೆಸರಿಡುವಾಗ ರಸೆಲ್ ಹೆಸರನ್ನೇ ಸೇರಿಸಿದರು. ಇಂದು ಅದು ಡಬೋಯಾ ರಸೆಲಿಯೈ.

ಇನ್ನೊಂದು ಉದಾಹರಣೆ ಕನ್ನಡಿಗರಿಗೆ ಇನ್ನೂ ಹತ್ತಿರವಾದದ್ದು. ಹಳದಿ ಮತ್ತು ಕಪ್ಪು ಪಟ್ಟೆಗಳ ಕಟ್ಟುಹಾವನ್ನು ರಸೆಲ್ 'ಬಂಗಾರು ಪಾಮು' ಎಂದು ದಾಖಲಿಸಿದರು. 1803ರಲ್ಲಿ ಫ್ರಾನ್ಸ್‌ನ ಫ್ರಾಂಸ್ವಾ ಡೋಡಾ ಅದರಿಂದಲೇ 'ಬಂಗಾರಸ್' ಎಂಬ ಕುಲನಾಮ ರೂಪಿಸಿದರು. ನಮ್ಮ ಬಂಗಾರ ಹೀಗೆ ಪ್ರಪಂಚದ ಎಲ್ಲಾ ಕಟ್ಟುಹಾವುಗಳ ವೈಜ್ಞಾನಿಕ ಹೆಸರಿನಲ್ಲಿ ಸೇರಿಹೋಗಿದೆ.

ಸಾಮಾನ್ಯ ಕಟ್ಟುಹಾವು ಮತ್ತು ಹಸಿರು ಬಣ್ಣದ ಬಿದಿರು ಮಂಡಲದ ವೈಜ್ಞಾನಿಕ ಹೆಸರುಗಳಿಗೂ ರಸೆಲ್ ಪುಸ್ತಕದ ಚಿತ್ರಗಳೇ ಆಧಾರ. ಹೆಸರಿಟ್ಟ ಯುರೋಪಿನ ವಿದ್ವಾಂಸರು ಭಾರತಕ್ಕೆ ಬಂದವರಲ್ಲ. ಅವರ ಮುಂದೆ ಇದ್ದದ್ದು ವಿಶಾಖಪಟ್ಟಣದಿಂದ ಹೋದ ಚಿತ್ರ ಮತ್ತು ವಿವರಣೆ. ಆ ಹಾವುಗಳನ್ನು ಹಿಡಿದು ತಂದವರು, ಹೆಸರು ಹೇಳಿದವರು ಸ್ಥಳೀಯರು. ಅವರ ಜ್ಞಾನ ಪುಸ್ತಕದಲ್ಲಿ ಉಳಿಯಿತು, ಅವರ ಹೆಸರು ಮಾತ್ರ ಯಾವ ಹಾವಿಗೂ ಸಿಗಲಿಲ್ಲ.

ಇನ್ನೂರು ಮೀನು, ಮುನ್ನೂರು ಗಿಡ:

ವಿಶಾಖಪಟ್ಟಣದ ಕಡಲತೀರಕ್ಕೆ ಬರುತ್ತಿದ್ದ ಮೀನುಗಳನ್ನೂ ರಸೆಲ್ ಬಿಡಲಿಲ್ಲ. 1803ರಲ್ಲಿ ಪ್ರಕಟವಾದ ಅವರ ಇನ್ನೊಂದು ಗ್ರಂಥದಲ್ಲಿ 200 ಮೀನುಗಳ ಚಿತ್ರ ಮತ್ತು ವಿವರಣೆ ಇದೆ. ಗ್ರಂಥದ ಶೀರ್ಷಿಕೆಯಲ್ಲೇ ವಿಶಾಖಪಟ್ಟಣದ ಹೆಸರಿದೆ. ಇಲ್ಲೂ ತೆಲುಗು ಹೆಸರುಗಳೇ. ನಂತರ ಫ್ರಾನ್ಸ್‌ನ ಪ್ರಸಿದ್ಧ ವಿಜ್ಞಾನಿ ಜಾರ್ಜ್ ಕುವಿಯೇ ಸೇರಿದಂತೆ ಹಲವರು ಈ ಪುಸ್ತಕವನ್ನು ಬಳಸಿಕೊಂಡು ಮೀನುಗಳಿಗೆ ಹೆಸರಿಟ್ಟರು. ಇಂಡಿಯನ್ ಸ್ಕ್ಯಾಡ್ ಮತ್ತು ರಸೆಲ್ಸ್ ಸ್ನ್ಯಾಪರ್ ಎಂಬ ಮೀನುಗಳ ವೈಜ್ಞಾನಿಕ ಹೆಸರಿನಲ್ಲಿ ಇಂದಿಗೂ ರಸೆಲ್ ಇದ್ದಾರೆ.

ಗಿಡಗಳ ವಿಷಯದಲ್ಲಿ ಅವರ ಪಾತ್ರ ಬೇರೆ ರೀತಿಯದು. ವಿಶಾಖಪಟ್ಟಣ ಮತ್ತು ರಾಜಮಹೇಂದ್ರವರಂ ನಡುವಿನ ಸಾಮಲಕೋಟದಲ್ಲಿ ಆಗ ವಿಲಿಯಂ ರಾಕ್ಸ್‌ಬರ್ಗ್ ಎಂಬ ಇನ್ನೊಬ್ಬ ಸ್ಕಾಟಿಷ್ ವೈದ್ಯ ಗಿಡಗಳನ್ನು ಬೆಳೆಸಿ ಅಧ್ಯಯನ ಮಾಡುತ್ತಿದ್ದರು. ಈ ಪ್ರದೇಶದ ಉಪಯುಕ್ತ ಗಿಡಗಳ ಸಚಿತ್ರ ಗ್ರಂಥ ಹೊರತರುವಂತೆ ರಸೆಲ್ ಕಂಪನಿಗೆ ಸಲಹೆ ನೀಡಿದರು. ಅದರ ಫಲವಾಗಿ 1795ರಿಂದ ರಾಕ್ಸ್‌ಬರ್ಗ್ ಅವರ ಗ್ರಂಥದ ಸಂಪುಟಗಳು ಪ್ರಕಟವಾಗತೊಡಗಿದವು. 300 ಚಿತ್ರಪಟಗಳ ಈ ಗ್ರಂಥಕ್ಕೆ ಮುನ್ನುಡಿ ಬರೆದವರು ರಸೆಲ್. ರಸೆಲ್ ನಂತರ ಅವರ ಹುದ್ದೆಗೆ ಬಂದವರೂ ರಾಕ್ಸ್‌ಬರ್ಗ್ ಅವರೇ. ಮುಂದೆ 1793ರಲ್ಲಿ ಅವರು ಕಲ್ಕತ್ತಾ ಸಸ್ಯೋದ್ಯಾನದ ಮುಖ್ಯಸ್ಥರಾದರು.

ಬಿದಿರಿನ ಗೆಣ್ಣುಗಳ ನಡುವೆ ಸಿಗುವ ವಂಶಲೋಚನದ ಬಗ್ಗೆಯೂ ರಸೆಲ್ 1790ರಲ್ಲಿ ರಾಯಲ್ ಸೊಸೈಟಿಗೆ ವರದಿ ನೀಡಿದರು. ಅವರು ತಂದ ಮಾದರಿಗಳನ್ನು ಜೇಮ್ಸ್ ಮೇಸಿ ಎಂಬ ಯುವ ರಸಾಯನಶಾಸ್ತ್ರಜ್ಞ ಪರೀಕ್ಷಿಸಿ 1791ರಲ್ಲಿ ಪ್ರಬಂಧ ಪ್ರಕಟಿಸಿದರು. ಆತನೇ ಮುಂದೆ ಜೇಮ್ಸ್ ಸ್ಮಿತ್ಸನ್ ಎಂದು ಹೆಸರು ಬದಲಿಸಿಕೊಂಡರು. ಅಮೆರಿಕದ ಸ್ಮಿತ್ಸೋನಿಯನ್ ಸಂಸ್ಥೆ ಹುಟ್ಟಿದ್ದು ಅವರ ಆಸ್ತಿಯಿಂದ.

ವಿಷವೇ ಪ್ರಯೋಗಾಲಯದ ಸಾಧನ:

ಕೊಳಕುಮಂಡಲದ ವಿಷ ರಕ್ತ ಹೆಪ್ಪುಗಟ್ಟುವ ವ್ಯವಸ್ಥೆಯನ್ನೇ ಕೆಡಿಸುತ್ತದೆ. ಕಚ್ಚಿದ ಜಾಗ ಊದಿಕೊಳ್ಳುತ್ತದೆ, ರಕ್ತಸ್ರಾವವಾಗುತ್ತದೆ, ಮೂತ್ರಪಿಂಡಗಳಿಗೆ ಹಾನಿಯಾಗುತ್ತದೆ. ವಿಷದಲ್ಲಿರುವ ಒಂದು ಪ್ರೋಟೀನ್ ರಕ್ತದ 10ನೇ ಹೆಪ್ಪುಗಟ್ಟಿಸುವ ಅಂಶವನ್ನು ನೇರವಾಗಿ ಚುರುಕುಗೊಳಿಸುತ್ತದೆ. ಹೀಗೆ ಹೆಪ್ಪುಗಟ್ಟಿಸುವ ವಸ್ತುಗಳೆಲ್ಲ ಬೇಗ ಖರ್ಚಾಗಿ, ಕೊನೆಗೆ ರಕ್ತ ಹೆಪ್ಪುಗಟ್ಟುವುದೇ ನಿಲ್ಲುತ್ತದೆ.

ಇದೇ ಗುಣವನ್ನು ವೈದ್ಯರು ಉಪಯೋಗಕ್ಕೂ ತಂದಿದ್ದಾರೆ. 1930ರ ದಶಕದಲ್ಲಿ ಬ್ರಿಟನ್ನಿನಲ್ಲಿ ಹಿಮೋಫಿಲಿಯಾ ರೋಗಿಗಳ ರಕ್ತಸ್ರಾವ ನಿಲ್ಲಿಸಲು ಈ ವಿಷವನ್ನು ತೆಳುಗೊಳಿಸಿ ಗಾಯಕ್ಕೆ ಹಚ್ಚಲಾಗಿತ್ತು. ಪದೇ ಪದೇ ಗರ್ಭಪಾತ ಅಥವಾ ರಕ್ತನಾಳದಲ್ಲಿ ಹೆಪ್ಪುಗಟ್ಟುವ ಸಮಸ್ಯೆ ಇರುವವರಿಗೆ ಇಂದು ಮಾಡಿಸುವ ರಕ್ತ ಪರೀಕ್ಷೆಗಳಲ್ಲಿ ಒಂದಕ್ಕೆ 'ಡೈಲ್ಯೂಟ್ ರಸೆಲ್ಸ್ ವೈಪರ್ ವೆನಮ್ ಟೈಮ್' ಎಂದೇ ಹೆಸರು.

ಮುಗಿಯದ ಕೆಲಸ:

ರಸೆಲ್ ಎತ್ತಿದ ಪ್ರಶ್ನೆಗೆ ಇಂದು ಉತ್ತರವಿದೆ, ಆದರೆ ಸಾವು ನಿಂತಿಲ್ಲ. 2020ರಲ್ಲಿ ಪ್ರಕಟವಾದ ಅಧ್ಯಯನವೊಂದರ ಅಂದಾಜಿನಂತೆ 2000ದಿಂದ 2019ರವರೆಗೆ ಭಾರತದಲ್ಲಿ ಹಾವು ಕಡಿತದಿಂದ ಸುಮಾರು 12 ಲಕ್ಷ ಜನ ಸಾವನ್ನಪ್ಪಿದ್ದಾರೆ. ಅಂದರೆ ವರ್ಷಕ್ಕೆ ಸರಾಸರಿ 58 ಸಾವಿರ. ಹೆಚ್ಚು ಸಾವು ಸಂಭವಿಸುವ ರಾಜ್ಯಗಳ ಪಟ್ಟಿಯಲ್ಲಿ ಆಂಧ್ರಪ್ರದೇಶವೂ ಇದೆ.

ಗನ್ನವರಂ ಇರುವ ಕೃಷ್ಣಾ ಜಿಲ್ಲೆಗೆ ಇದು ಹೊಸದಲ್ಲ. ಮಹಾರಾಷ್ಟ್ರದಲ್ಲಿ ಹುಟ್ಟಿ ಕರ್ನಾಟಕ ದಾಟಿ ಬರುವ ಕೃಷ್ಣಾ ನದಿ ವಿಜಯವಾಡದ ಕೆಳಗೆ, ದಿವಿಸೀಮದ ಬಳಿ ಸಮುದ್ರ ಸೇರುತ್ತದೆ. ಭತ್ತದ ಗದ್ದೆಗಳೇ ತುಂಬಿರುವ ದಿವಿಸೀಮದಲ್ಲಿ 2018ರ ಆಗಸ್ಟ್‌ನಲ್ಲಿ ಹಾವು ಕಡಿತ ಪ್ರಕರಣಗಳು ಹೆಚ್ಚಿ, ಅವನಿಗಡ್ಡ ಆಸ್ಪತ್ರೆಗೆ ಒಬ್ಬರ ಹಿಂದೆ ಒಬ್ಬರು ದಾಖಲಾಗಿದ್ದರು. ಮೋಪಿದೇವಿಯ ಸುಬ್ರಹ್ಮಣ್ಯ ದೇವಸ್ಥಾನದಲ್ಲಿ ಆಗ ಸರ್ಪಶಾಂತಿ ಪೂಜೆಯೂ ನಡೆದಿತ್ತು.

ಈಗ ಬಳಕೆಯಲ್ಲಿರುವ ವಿಷನಿರೋಧಕ ಔಷಧ ನಾಲ್ಕು ಹಾವುಗಳ ವಿಷಕ್ಕೆ ಕೆಲಸ ಮಾಡುತ್ತದೆ. ಅವು ನಾಗರಹಾವು, ಕಟ್ಟುಹಾವು, ಕೊಳಕುಮಂಡಲ ಮತ್ತು ಗರಗಸ ಮಂಡಲ. ಈ ನಾಲ್ಕೂ ರಸೆಲ್ ಗ್ರಂಥದ ಮೊದಲ ಸಂಪುಟದಲ್ಲಿವೆ. ಔಷಧ ತಯಾರಿಗೆ ಬೇಕಾದ ವಿಷದ ಬಹುಪಾಲು ಬರುವುದು ತಮಿಳುನಾಡಿನ ಇರುಳ ಸಮುದಾಯದ ಸಹಕಾರ ಸಂಘದಿಂದ. ಅಂದರೆ ಹಾವು ಹಿಡಿಯುವವರ ಜ್ಞಾನ ಇಂದಿಗೂ ಇಡೀ ವ್ಯವಸ್ಥೆಗೆ ಆಧಾರ.

ಆದರೆ ಸಮಸ್ಯೆಯೂ ಇಲ್ಲೇ ಇದೆ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಸಂಶೋಧಕರು ಬೇರೆ ಬೇರೆ ಪ್ರದೇಶಗಳ ಕೊಳಕುಮಂಡಲಗಳ ವಿಷ ಒಂದೇ ರೀತಿ ಇಲ್ಲ ಎಂದು ತೋರಿಸಿದ್ದಾರೆ. ಒಂದು ಕಡೆಯ ವಿಷದಿಂದ ತಯಾರಾದ ಔಷಧ ಇನ್ನೊಂದು ಕಡೆ ಅಷ್ಟೇ ಪರಿಣಾಮಕಾರಿ ಆಗಬೇಕೆಂದಿಲ್ಲ. ಪಶ್ಚಿಮ ಘಟ್ಟದಲ್ಲಿ ಕಾಣುವ ಹಂಪ್ ನೋಸ್ಡ್ ಪಿಟ್ ವೈಪರ್‌ನಂತಹ ಹಾವುಗಳ ವಿಷಕ್ಕೆ ಈ ಔಷಧ ಪರಿಹಾರವಲ್ಲ. ಊರೂರಿನ ಹಾವನ್ನು ಊರಿನಲ್ಲೇ ಅಧ್ಯಯನ ಮಾಡಬೇಕು ಎಂಬ ರಸೆಲ್ ಮಾರ್ಗ ಹೀಗಾಗಿ ಹಳತಾಗಿಲ್ಲ.

ಸರ್ಕಾರಗಳು ಏನು ಮಾಡುತ್ತಿವೆ?:

2017ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ ಹಾವು ಕಡಿತವನ್ನು ನಿರ್ಲಕ್ಷಿತ ಉಷ್ಣವಲಯದ ಕಾಯಿಲೆಗಳ ಪಟ್ಟಿಗೆ ಸೇರಿಸಿತು. 2024ರ ಫೆಬ್ರವರಿಯಲ್ಲಿ ಕರ್ನಾಟಕ ಸರ್ಕಾರ ಹಾವು ಕಡಿತವನ್ನು ಅಧಿಸೂಚಿತ ಕಾಯಿಲೆ ಎಂದು ಘೋಷಿಸಿತು. ಇದರಿಂದ ಆಸ್ಪತ್ರೆಗಳು ಪ್ರತಿ ಪ್ರಕರಣವನ್ನೂ ವರದಿ ಮಾಡಬೇಕು. ಮುಂದಿನ ತಿಂಗಳೇ ಕೇಂದ್ರ ಸರ್ಕಾರ ರಾಷ್ಟ್ರೀಯ ಕ್ರಿಯಾ ಯೋಜನೆ ಪ್ರಕಟಿಸಿತು. 2030ರೊಳಗೆ ಸಾವಿನ ಪ್ರಮಾಣವನ್ನು ಅರ್ಧಕ್ಕೆ ಇಳಿಸುವುದು ಇದರ ಗುರಿ. ಎಲ್ಲಿ, ಯಾವ ಹಾವು, ಎಷ್ಟು ಜನರಿಗೆ ಕಚ್ಚುತ್ತಿದೆ ಎಂಬ ಲೆಕ್ಕ ಸಿಕ್ಕರೆ ಮಾತ್ರ ಔಷಧವನ್ನು ಸರಿಯಾದ ಜಾಗಕ್ಕೆ ತಲುಪಿಸಲು ಸಾಧ್ಯ.

ಹಾವು ಕಚ್ಚಿದರೆ ಏನು ಮಾಡಬೇಕು?:

* ಗಾಬರಿಯಾಗಬೇಡಿ, ಓಡಬೇಡಿ. ಕಚ್ಚಿದ ಕೈ ಅಥವಾ ಕಾಲನ್ನು ಅಲುಗಾಡಿಸದೆ ಇಡಿ.
* ಉಂಗುರ, ಬಳೆ, ಕಾಲ್ಗೆಜ್ಜೆ ತೆಗೆಯಿರಿ. ಊತ ಬಂದಾಗ ಇವು ತೊಂದರೆ ಕೊಡುತ್ತವೆ.
* ಬಿಗಿಯಾಗಿ ಹಗ್ಗ ಕಟ್ಟಬೇಡಿ, ಗಾಯ ಕೊಯ್ಯಬೇಡಿ, ಬಾಯಿಂದ ವಿಷ ಹೀರಬೇಡಿ.
* ಹಾವನ್ನು ಹಿಡಿಯಲು ಅಥವಾ ಕೊಲ್ಲಲು ಹೋಗಿ ಸಮಯ ಕಳೆಯಬೇಡಿ.
* 108ಕ್ಕೆ ಕರೆ ಮಾಡಿ ಅಥವಾ ಸಿಕ್ಕ ವಾಹನದಲ್ಲಿ ವಿಷನಿರೋಧಕ ಔಷಧ ಇರುವ ಆಸ್ಪತ್ರೆಗೆ ತಕ್ಷಣ ತೆರಳಿ.

ಹಾವು ಯಾವುದೆಂದು ಗೊತ್ತಾಗದಿದ್ದರೂ ಚಿಕಿತ್ಸೆ ನಿಲ್ಲುವುದಿಲ್ಲ. ರಕ್ತವನ್ನು ಗಾಜಿನ ಕೊಳವೆಯಲ್ಲಿ 20 ನಿಮಿಷ ಅಲುಗಿಸದೆ ಇಟ್ಟು, ಅದು ಹೆಪ್ಪುಗಟ್ಟಿದೆಯೇ ಎಂದು ನೋಡುವ ಸರಳ ಪರೀಕ್ಷೆಯನ್ನು ಸಣ್ಣ ಆರೋಗ್ಯ ಕೇಂದ್ರದಲ್ಲೂ ಮಾಡಬಹುದು. ಹೆಪ್ಪುಗಟ್ಟದಿದ್ದರೆ ಮಂಡಲದ ಹಾವು ಕಚ್ಚಿರುವ ಸಾಧ್ಯತೆ ಹೆಚ್ಚು ಎಂದು ತಿಳಿದು ವೈದ್ಯರು ಔಷಧ ಆರಂಭಿಸುತ್ತಾರೆ. ರಸೆಲ್ ಕಾಲದಲ್ಲಿ ಕೊಳಕುಮಂಡಲ ಕಚ್ಚಿದವರಿಗೆ ಇಂತಹ ಔಷಧವೇ ಇರಲಿಲ್ಲ. ಇಂದು ಇದೆ, ಗದ್ದೆಯಿಂದ ಆಸ್ಪತ್ರೆಗೆ ಬೇಗ ತಲುಪುವುದಷ್ಟೇ ಬಾಕಿ.