ತಮಟೆಗೆ ಸಂದ ಗೌರವ

ಚಿಂತಾಮಣಿ, ಶಿಡ್ಲಘಟ್ಟ, ಗೌರಿಬಿದನೂರು ಕಡೆಯ ಜಾತ್ರೆಗಳನ್ನು ನೋಡಿದವರಿಗೆ ತಮಟೆಯ ಸದ್ದು ಹೊಸದಲ್ಲ. ದುಂಡನೆಯ ಬಳೆಗೆ ಬಿಗಿದ ಚರ್ಮ, ಎರಡು ಕಡ್ಡಿ, ಅಷ್ಟೇ. ಬಾರಿಸುವ ಮುನ್ನ ಅದನ್ನು ಬೆಂಕಿಗೆ ಹಿಡಿದು ಕಾಯಿಸುತ್ತಾರೆ. ಬಿಸಿಗೆ ಚರ್ಮ ಬಿಗಿದುಕೊಂಡಾಗ ನಾದ ಗಟ್ಟಿಯಾಗಿ ಹೊರಡುತ್ತದೆ.

ಆದರೆ ಅದನ್ನು ಬಾರಿಸುವ ಕೈಗಳ ಕಡೆಗೆ ನಾವು ಎಂದಾದರೂ ನೋಡಿದ್ದೇವೆಯೇ? ಊರಿನ ಜಾತ್ರೆಗೂ ತಮಟೆ ಬೇಕು, ಸಾವಿಗೂ ಬೇಕು. ಬಾರಿಸುತ್ತಿದ್ದವರು ಹೆಚ್ಚಾಗಿ ದಲಿತರು. ಮೆರವಣಿಗೆಯಲ್ಲಿ ಅವರು ಎಲ್ಲರಿಗಿಂತ ಮುಂದೆ. ಊಟದ ಹೊತ್ತಿಗೆ ಮಾತ್ರ ಹೊರಗೆ.

ಚಿಕ್ಕಬಳ್ಳಾಪುರ ಜಿಲ್ಲೆಯ ಪಿಂಡಿಪಾಪನಹಳ್ಳಿಯ ಮುನಿವೆಂಕಟಪ್ಪನವರು ಇಂಥ ದಲಿತ ಕುಟುಂಬದಲ್ಲಿ ಹುಟ್ಟಿದವರು. ಹದಿಹರೆಯದಲ್ಲಿ ಕೈಗೆತ್ತಿಕೊಂಡ ತಮಟೆಯನ್ನು ಅವರು ಕೀಳರಿಮೆಯಿಂದ ಕೆಳಗಿಡಲಿಲ್ಲ. ಬೀದಿಯ ವಾದ್ಯವನ್ನು ವೇದಿಕೆಗೆ ತಂದರು, ಅನೇಕ ಯುವಕರಿಗೆ ಕಲಿಸಿದರು. 'ನಾಡೋಜ' ಗೌರವ ಸಂದಿತು. 2023ರಲ್ಲಿ ಪದ್ಮಶ್ರೀ ಪ್ರಶಸ್ತಿ ಬಂದಾಗ ಅವರ ವಯಸ್ಸು ಎಪ್ಪತ್ತು ದಾಟಿತ್ತು. ಅದೇ ವರ್ಷದ ಪಟ್ಟಿಯಲ್ಲಿ ಬೀದರ್‌ನ ಬಿದ್ರಿ ಕಲಾವಿದ ಶಾ ರಶೀದ್ ಅಹ್ಮದ್ ಖಾದ್ರಿಯವರ ಹೆಸರೂ ಇತ್ತು. ಒಬ್ಬರು ಚರ್ಮವನ್ನು ನುಡಿಸಿದರು, ಇನ್ನೊಬ್ಬರು ಲೋಹವನ್ನು ಅರಳಿಸಿದರು. ಇಬ್ಬರಿಗೂ ಅನ್ನ ಕೊಟ್ಟದ್ದು ಕೈಯ ದುಡಿಮೆ.

ಓದುಗರೇ, ಪ್ರಶಸ್ತಿ ಕೊಡುವುದು ಸರಕಾರದ ಕೆಲಸ. ಕಲಾವಿದನನ್ನು ಮನೆಯೊಳಗೆ ಕರೆದು, ಪಕ್ಕದಲ್ಲಿ ಕೂರಿಸಿಕೊಂಡು ಊಟ ಮಾಡುವುದು ನಮ್ಮ ಕೆಲಸ. ನಿಮ್ಮ ಊರಿನಲ್ಲೂ ತಮಟೆ ಬಾರಿಸುವವರು ಒಬ್ಬರಿರಬಹುದು. ಅವರ ಹೆಸರೇನೆಂದು ನಿಮ್ಮ ಮಕ್ಕಳಿಗೆ ಗೊತ್ತಿದೆಯೇ?